ಗ್ಯಾನಪ್ಪನ ಕಾಲ್ಗುಣದ ಲೆಕ್ಕ

ಸಿಂಧನೂರು, ಮಸ್ಕಿ, ಬಳಗಾನೂರು ಕಡೆ ಕಬಡ್ಡಿ ಟೂರ್ನಮೆಂಟ್ ಇತ್ತಂದ್ರ ಗೆರಿ ಹಾಕಾವ ಗ್ಯಾನಪ್ಪ. ನೀರು ಹೊಡ್ಯಾವ ನಾನು, ಪಂಪಾಪತಿ. ನಂದೊಂದು ಟ್ರ್ಯಾಕ್ಟರು, ಹಿಂದ ನೀರಿನ ಟ್ಯಾಂಕರು. ಮೊದಲು ನಾ ನೆಲಕ್ಕ ನೀರು ಬಿಡ್ತೀನಿ, ಧೂಳು ಕುಂದರತೈತಿ. ಮಣ್ಣು ಜರಾ ಆರಿದ ಮ್ಯಾಲ ಅವ ಹುರಿ ಹಿಡಿದು ಗೆರಿ ಎಳೀತಾನ. ಭಾಳ ವರ್ಷ ಆತು ಹಿಂಗ ಕೂಡಿ ಕೆಲಸ ಮಾಡಾಕತ್ತು. ಅವಂದೂ ಮಾತು ಕಮ್ಮಿ, ನಂದೂ ಕಮ್ಮಿ. ಅದಕ್ಕ ಹೊಂದೈತಿ.

ಅವ ಮೊದಲು ಕುರಿ ಕಾಯ್ತಿದ್ದ. ಬಳಗಾನೂರು ಹತ್ರ ಅವನ ಊರು. ವರ್ಷದಾಗ ಅರ್ಧ ಕುರಿ ಹಿಂದನ. ಹೊಳಿ ದಾಟಿ ಆಚಿ ಕಡೆ ಹೋದ್ರ ಯಾವಾಗ ಬರ್ತಾನ ಅನ್ನೋದು ಅವನಿಗೇ ಗೊತ್ತಿರತಿರಲಿಲ್ಲ. ಮಗಳು ಹುಟ್ಟಿದಾಗ ಇರಲಿಲ್ಲ. ಮಗಳಿಗೆ ಜ್ವರ ಬಂದು ದವಾಖಾನಿಗೆ ಹಾಕಿದಾಗ ಇರಲಿಲ್ಲ. ಒಂದು ಸಲ ಕುರಿ ಹೊಡಕೊಂಡು ಬಂದ್ರ ಮನಿ ಬಾಗಿಲಿಗೆ ಕೀಲಿ. ಹೆಂಡತಿ ಕನಕಮ್ಮ ಮಗಳನ್ನ ಕರಕೊಂಡು ಲಿಂಗಸುಗೂರಿಗೆ, ತಮ್ಮನ ಮನಿಗೆ ಹೋಗಿದ್ಲು. 'ಕುರಿ ಕೂಡನ ಬಾಳೇವು ಮಾಡು ಅಂತ ಹೇಳ್ರಿ ಅವನಿಗೆ' ಅಂತ ಮಗ್ಗಲ ಮನಿಯೋರಿಗೆ ಹೇಳಿದ್ಲಂತ.

ಗ್ಯಾನಪ್ಪ ಕುರಿ ಎಲ್ಲಾ ಮಾರಿ ಲಿಂಗಸುಗೂರಿಗೆ ಹೋದ. ಮಾರಿ ಬಂದೀನಿ, ನಡಿ ಅಂದ. ತಡ ಆತು ಅಂದ್ಲು ಅಕಿ. ಅಷ್ಟೊತ್ತಿಗೆ ಅಂಗನವಾಡ್ಯಾಗ ಅಡಿಗಿ ಕೆಲಸಕ್ಕ ಸೇರಿದ್ಲು. ಅವನಿಗೆ ಕುರಿನೂ ಹೋದ್ವು, ಮನಿನೂ ಹೋತು. ಸಿಂಧನೂರಿಗೆ ಬಂದು ರೈಸ್ ಮಿಲ್ಲಿನಾಗ ಹೊಟ್ಟು ತುಂಬೋ ಕೆಲಸಕ್ಕ ನಿಂತ. ಮಿಲ್ಲಿನ ಹಿಂದ ಒಂದು ಖೋಲಿ. ಒಬ್ಬನ ಇರ್ತಾನ. ಲಿಂಗಸುಗೂರಿಗೆ ಮತ್ತ ಕಾಲಿಟ್ಟಿಲ್ಲ.

ಗೆರಿ ಹಾಕೋ ಕೆಲಸ ಹೆಂಗ ಹತ್ತಿತು ಅಂದ್ರ, ಮಿಲ್ಲಿನ ಹುಡುಗ್ರು ಕಬಡ್ಡಿ ಆಡ್ತಿದ್ರು, ಒಮ್ಮಿ ಗೆರಿ ಹಾಕು ಅಂದ್ರು, ಹಾಕಿದ. ಸೊಟ್ಟ ಆಗಲಿಲ್ಲ. ಅಲ್ಲಿಂದ ಅವನ್ನನ ಕರೀತಾರ.

ಮಗಳು ಅಂಜಲಿ ದೊಡ್ಡಾಕಿ ಆದ್ಲು. ಕಾಲೇಜಿಗೆ ಹೋಗ್ತಾಳ. ಲಿಂಗಸುಗೂರು ಹುಡಿಗೇರ ಕಬಡ್ಡಿ ಟೀಮಿಗೆ ಅಕಿನ ಕ್ಯಾಪ್ಟನ್. ಅಕಿ ಆಡ್ತಾಳ ಅಂತ ಗ್ಯಾನಪ್ಪಗ ಗೊತ್ತಿರಲಿಲ್ಲ. ಎರಡು ವರ್ಷದ ಹಿಂದ ಮಸ್ಕಿ ಗ್ರೌಂಡಿನಾಗ ಗೆರಿ ಹಾಕಿ ಬ್ಯಾವಿನ ಗಿಡದ ಕೆಳಗ ನಿಂತಿದ್ದ. ಟೀಮು ಒಳಗ ಬಂತು. ಮೈಕಿನಾಗ ಹೆಸರು ಹೇಳಿದ್ರು. ಅವ ನನ್ನ ಕಡೆ ನೋಡಿ, "ಅದು ನಮ್ಮ ಅಂಜಲಿ" ಅಂದ. ಅಷ್ಟ ಅಂದ.

ನಮ್ಮ ಕಡೆ ಗ್ರೌಂಡಿನಾಗ ಒಂದು ಪದ್ಧತಿ ಐತಿ. ಆಟ ಚಾಲೂ ಮಾಡೋಕಿಂತ ಮುಂಚೆ ನಡುಗೆರಿ ಮ್ಯಾಲ ಟೆಂಗಿನಕಾಯಿ ಒಡೀತಾರ. ಒಂದು ಹೋಳು ಕಮಿಟಿಗೆ. ಇನ್ನೊಂದು ಹೋಳು ಹೊರಗ ಎತ್ತಿಟ್ಟಿರ್ತಾರ. ಆಟ ಮುಗಿದ ಮ್ಯಾಲ ಗೆದ್ದ ಟೀಮಿನ ಕ್ಯಾಪ್ಟನ್ ಅದನ್ನ ತಗೊಂಡು ಬಂದು ಗೆರಿ ಹಾಕಿದವನ ಕೈಯಾಗ ಇಡಬೇಕು. ಇನ್ನೊಬ್ಬರ ಕೂಡ ಕಳಸಂಗಿಲ್ಲ. ಸೋತೋರು ಬರಂಗಿಲ್ಲ.

ಅಂದ್ರ, ಗೆದ್ರ ಅಂಜಲಿ ಅವನ ಹತ್ರ ಬರಬೇಕು. ಸೋತ್ರ ಹಂಗ ಬ್ಯಾಗ್ ತಗೊಂಡು ಹೋಗ್ತಾಳ.

ಎರಡು ವರ್ಷದಾಗ ಮೂರು ಸಲ ಬಂದಾಳ. ಮೊದಲನೇ ಸಲ "ತಗೋ" ಅಂದು ಕೈಯಾಗಿಟ್ಟು ಹೋದ್ಲು. ಮಾರಿ ನೋಡಲಿಲ್ಲ. ಅವತ್ತು ಅವ ಊಟ ಮಾಡಲಿಲ್ಲ, ಆ ಕೊಬ್ಬರಿನ ತಿಂದು ಮಲಗಿದ. ಎರಡನೇ ಸಲ, "ಇದು ಸುಣ್ಣ ಅಲ್ಲಲ್ಲ?" ಅಂತ ಗೆರಿ ತೋರಿಸಿ ಕೇಳಿದ್ಲು.

"ಅಲ್ಲ. ರಂಗೋಲಿ ಪುಡಿ" ಅಂದ ಇವ.

"ಯಾಕ?"

"ನಿಮ್ಮ ಮೊಣಕಾಲು ಕೆತ್ತಿರತಾವು. ಸುಣ್ಣ ಉರೀತೈತಿ."

ಅಕಿ ಹೂಂ ಅಂದು ಹೋದ್ಲು.

ಮೂರನೇ ಸಲ ಹಟ್ಟಿ ಟೀಮನ್ನ ಸೋಲಿಸಿದ ದಿನ. ಹಟ್ಟಿ ಹುಡಿಗೇರು ಅಂದ್ರ ಈ ಕಡೆ ಎಲ್ಲಾ ಟೀಮಿಗೂ ಭಯ. ಬಂಗಾರದ ಮೈನಿನಾಗ ದುಡಿಯೋರ ಮಕ್ಕಳು, ಬೆಳಿಗ್ಗೆ ಎದ್ದು ಓಡ್ತಾರ, ಹಿಡಿದ್ರ ಬಿಡಂಗಿಲ್ಲ. ಅವತ್ತು ಅಂಜಲಿ ಹೋಳು ತಗೊಂಡು ಬರುವಾಗ ನಕ್ಕೋತ ಬಂದ್ಲು. ಗೆದ್ದ ಖುಷಿ ಮಾರಿ ಮ್ಯಾಲ ಹಂಗ ಉಳಿದಿತ್ತು. "ಕೆಡವಿದ್ವಿ ನೋಡಿದೇನು?" ಅಂದ್ಲು. "ನೋಡಿದೆ" ಅಂದ ಇವ.

ಉಳಿದ ಸಲ ಭಾಳ ಸಲ ಹಟ್ಟಿಯೋರ ಗೆಲ್ತಿದ್ರು. ಹಟ್ಟಿ ಕ್ಯಾಪ್ಟನ್ ಭುವನೇಶ್ವರಿ ಅಂತ. ಬಾಯಿ ಜೋರು. ಹೋಳು ಕೈಯಾಗಿಟ್ಟು, "ಕಾಕಾ, ಈ ಸಲಾನೂ ನಾನ ಬಂದೀನಿ. ಬ್ಯಾಸರ ಆಗೈತೇನು ನನ್ನ ಮಾರಿ ನೋಡಿ ನೋಡಿ?" ಅಂತಿದ್ಲು. ಇವ, "ಇಲ್ಲಮ್ಮ, ಚೆಂದ ಆಡಿದಿ" ಅಂತಿದ್ದ. ಅಂದು ಆಚಿ ಕಡೆ ನೋಡ್ತಿದ್ದ. ಅಲ್ಲಿ ಅಂಜಲಿ ಬೂಟಿನ ದಾರ ಬಿಚ್ಚಾಕತ್ತಿರತಿದ್ಲು.

ಈಗ ಹೇಳೋದು ಈ ವರ್ಷದ ಮಾತು.

ಸಿಂಧನೂರಿನಾಗ ಫೈನಲ್ ಇತ್ತು. ಲಿಂಗಸುಗೂರು, ಹಟ್ಟಿ. ಗೆದ್ದೋರು ಕಲಬುರಗಿಗೆ ಆಡಾಕ ಹೋಗ್ತಾರ. ಅಂಜಲಿಗೆ ಕಾಲೇಜು ಕಡೀ ವರ್ಷ. ಮುಂದಿನ ವರ್ಷ ಆಡಾಕ ಬಿಡ್ತಾರೋ ಇಲ್ಲೋ. ಅದಕ್ಕ ಅಕಿಗೆ ಆ ಆಟ ಬೇಕಾಗಿತ್ತು. ಇದನ್ನ ಅವರ ಟೀಮಿನ ಸುರೇಖಾ ಮೇಡಮ್ಮ ನನ್ನ ಮುಂದ ಹೇಳಿದ್ರು, ನಾ ಗ್ಯಾನಪ್ಪಗ ಹೇಳಿದೆ.

ಆ ವಾರ ಗ್ರೌಂಡಿನ ಹೊರಗ ಮೆಹಬೂಬ್‌ಬೀ ಅವರ ಚಹಾದ ಅಂಗಡ್ಯಾಗ ಕುಂತಿದ್ವಿ. ಕಮಿಟಿಯ ಅಂಬಪ್ಪ ಬಂದ. ಅವನಿಗೆ ಯಾರನ್ನಾರ ಕೆಣಕದಿದ್ರ ಚಹಾ ಇಳಿಯಂಗಿಲ್ಲ.

"ಗ್ಯಾನಪ್ಪ, ಒಂದು ಮಾತು ಹೇಳ್ತೀನಿ, ಸಿಟ್ಟಾಗಬ್ಯಾಡ" ಅಂದ. "ನಿನ್ನ ಮಗಳ ಟೀಮು ಎಲ್ಲಾ ಕಡೆ ಗೆಲ್ತೈತಿ. ನೀ ಗೆರಿ ಹಾಕಿದಲ್ಲೇ ಬಂದು ಬೀಳ್ತೈತಿ. ನಿನ್ನ ಕಾಲ್ಗುಣನಲೇ ಅದು."

ಮೆಹಬೂಬ್‌ಬೀ ಚಹಾ ಸೋಸಿಗೋತನ, "ಅಂಬಪ್ಪ, ಮೊದಲು ನಿನ್ನ ಕಾಲು ನೋಡ್ಕೋ. ನೀ ಬಂದ ದಿನ ನನ್ನ ಹಾಲು ಒಡೀತೈತಿ" ಅಂದ್ರು.

ಎಲ್ಲಾರೂ ನಕ್ಕರು. ಅಂಬಪ್ಪನೂ ನಕ್ಕ. ಗ್ಯಾನಪ್ಪ ಅರ್ಧ ಚಹಾ ಬಿಟ್ಟು ಎದ್ದ.

ಮರುದಿನ ಸಂಜಿಮುಂದ ಅವನ ಖೋಲಿಗೆ ಹೋದೆ. ನೆಲದ ಮ್ಯಾಲ ಸಣ್ಣ ಸಣ್ಣ ಕಲ್ಲಿನ ಹಳ್ಳು ಹರಡಿಕೊಂಡು ಕುಂತಿದ್ದ. ಕುರಿ ಕಾಯೋರಿಗೆ ಹಳ್ಳಿನ ಲೆಕ್ಕ ರೂಢಿ. ಬಿಳೇ ಹಳ್ಳು ಗೆದ್ದ ಆಟ, ಕರೇ ಹಳ್ಳು ಸೋತ ಆಟ. ಎರಡು ಗುಂಪು ಮಾಡಿದ್ದ. ಬ್ಯಾರೆ ಊರಿನ ಆಟದ ಸುದ್ದಿ ನನ್ನ ಫೋನಿನಾಗ ಬರತೈತಿ, ಕಬಡ್ಡಿಯೋರದೊಂದು ಗ್ರೂಪ್ ಐತಿ. ನಾ ಹೇಳಿದ್ದನ್ನೆಲ್ಲ ಅವ ಎರಡು ವರ್ಷದಿಂದ ತಲ್ಯಾಗ ಇಟಗೊಂಡಿದ್ದ.

"ಇಕಡಿಗೆ ನಾ ಇದ್ದ ಆಟ. ಎಂಟು. ಬಿಳೇವು ಮೂರು" ಅಂದ. "ಇಕಡಿಗೆ ನಾ ಇಲ್ಲದ ಆಟ. ಹನ್ನೆರಡು. ಬಿಳೇವು ಒಂಬತ್ತು."

"ಅದಕ್ಕ ಏನು ಯಣ್ಣಾ?"

ಅವ ಆ ಹನ್ನೆರಡು ಹಳ್ಳನ್ನ ಮೂರು ಪಾಲು ಮಾಡಿದ. ಒಂದೊಂದು ಪಾಲಿನಾಗ ಮೂರು ಬಿಳೇವು, ಒಂದು ಕರೇದು.

"ನೋಡು. ನಾ ಇಲ್ಲಾಂದ್ರ ನಾಲ್ಕು ಆಡಿದ್ರ ಮೂರು ಗೆಲ್ತಾರ. ನಾ ಇದ್ರ ಮೂರು ಗೆಲ್ಲಾಕ ಎಂಟು ಆಡಬೇಕು."

ನಾ ಸಾಲ್ಯಾಗ ನಾಲ್ಕನೇತ್ತೆ ಓದಿದಾವ. ಲೆಕ್ಕ ತಪ್ಪಿಲ್ಲ ಅನ್ನೋದು ನನಗೂ ಕಂಡಿತು. ಆದ್ರ ಏನೋ ಸರಿ ಇಲ್ಲ ಅನಸ್ತಿತ್ತು. ಏನು ಅಂತ ಹೇಳಾಕ ಬರಲಿಲ್ಲ.

"ಅಂಬಪ್ಪಂದು ಏನು ಕೇಳ್ತಿ. ಅವ ನಗ್ಸಾಕ ಅಂದಾನ."

"ನಗ್ಸಾಕ ಅಂದ್ರೂ ಲೆಕ್ಕ ಲೆಕ್ಕನ." ಅವ ಎಂಟು ಹಳ್ಳು ಒಂದು ಚೀಲಕ್ಕ ಹಾಕಿದ. "ಕಣ್ಣು ಮುಚ್ಚಿ ಒಂದು ತಗಿ."

ತಗದೆ. ಬಿಳೇದು ಬಂತು. "ನೋಡಲ್ಲಿ" ಅಂದೆ.

"ಒಂದು ಸಲ ಬರತೈತಿ. ಅದರಾಗ ಹಾಕಿ ಮತ್ತ ತಗಿ."

ಹಂಗ ಹಾಕಿಕೋತ ತಗಕೋತ ಭಾಳ ಹೊತ್ತು ಕುಂತ್ವಿ. ಕರೇದು ಬರಾಕ ಹತ್ತಿದ್ವು. ಒಂದು ಬಿಳೇದು, ಎರಡು ಕರೇವು, ಮತ್ತ ಕರೇದು, ಮತ್ತ ಬಿಳೇದು. ಆಮ್ಯಾಲ ಇನ್ನೊಂದು ಚೀಲ ಕೊಟ್ಟ, ಹನ್ನೆರಡಿಂದು. ಅದರಾಗ ಕೈ ಹಾಕಿದ್ರ ಹೆಚ್ಚಾಗಿ ಬಿಳೇದ.

"ನೀ ಅಕಿ ಅಪ್ಪ ಆಗಿದ್ರ ಯಾವ ಚೀಲ ಕೊಡ್ತಿದ್ದಿ?" ಅಂತ ಕೇಳಿದ.

ನಾ ಚೀಲ ಕೆಳಗಿಟ್ಟೆ. ಅವನ ಮದುವಿ ಆದ ವರ್ಷ ಕುರಿಗೆ ಬ್ಯಾನಿ ಬಂದು ಅರ್ಧ ಸತ್ತಿದ್ವಂತ. ಆವಾಗ ಅವನ ಅತ್ತಿನೂ ಇದೇ ಮಾತು ಅಂದಿದ್ಲಂತ, ಇವನ ಕಾಲ್ಗುಣ ನೆಟ್ಟಗಿಲ್ಲ ಅಂತ. "ಅವತ್ತು ನಾ ನಂಬಲಿಲ್ಲ, ಈಗ ಹಳ್ಳೂ ಅದನ್ನ ಹೇಳಾಕತ್ತಾವು" ಅಂದ ಗ್ಯಾನಪ್ಪ.

"ಮತ್ತ ಗೆದ್ರ ಅಕಿ ಹೋಳು ತಗೊಂಡು ಬಂದಾಗ ನೀ ಇರಂಗಿಲ್ಲಲ್ಲ" ಅಂದೆ.

"ಇರಂಗಿಲ್ಲ" ಅಂದ. "ನನಗ ಹೋಳು ಯಾಕ. ಅಕಿ ಕಲಬುರಗಿಗೆ ಹೋಗ್ಲಿ."

ಆಯ್ತವಾರ ಫೈನಲ್. ಬೆಳಿಗ್ಗೆ ನಾ ನೀರು ಹೊಡದೆ, ಮಣ್ಣು ಆರಿತು, ಅವ ಗೆರಿ ಹಾಕಿದ. ಇನ್ನೊಬ್ಬರ ಕೈಗೆ ಗೆರಿ ಬಿಡಾಕ ಮನಸ್ಸು ಬರಲಿಲ್ಲ. ಕಾಲು ಮಾತ್ರ ಅಲ್ಲಿ ಇರಬಾರದು. ಅದಕ್ಕ ಏನು ಮಾಡಿದ ಅಂದ್ರ, ಒಂದೊಂದು ಗೆರಿ ಮುಗಿಸಿ, ಕಸಬರಿಗಿ ಹಿಡಿದು ಹಿಂದಕ್ಕ ಹಿಂದಕ್ಕ ನಡಕೋತ ತನ್ನ ಹೆಜ್ಜಿ ತಾನ ಅಳಿಸಿಗೋತ ಬಂದ. ಮೂಲ್ಯಾಗ ಹೊರಗ ಬಂದು ನಿಂತು ನೋಡಿದ. ಎಲ್ಲಾ ಗೆರಿ ಅದಾವು, ಮನಷ್ಯಾ ಬಂದು ಹೋದ ಗುರ್ತಿಲ್ಲ. ಬ್ಯಾರೆ ದಿನ ಆಗಿದ್ರ ನಾ ನಗ್ತಿದ್ದೆ.

"ಮಧ್ಯಂತರದಾಗ ಗೆರಿ ತಿದ್ದೋದು ಯಾರು?" ಅಂದೆ.

"ಅಂಬಪ್ಪಗ ಹೇಳೀನಿ. ಪುಡಿ ಡಬ್ಬಿ ಮೇಜಿನ ಕೆಳಗ ಇಟ್ಟೀನಿ."

"ಅವಗ ಬರತೈತೇನು?"

"ಗೆರಿ ಮ್ಯಾಲ ಗೆರಿ ಎಳ್ಯಾಕ ಏನು ಬರಬೇಕು" ಅಂದ. ಅಂದು ರುಮಾಲು ಹೆಗಲಿಗೆ ಹಾಕ್ಕೊಂಡು ಬಸ್ ಸ್ಟ್ಯಾಂಡ್ ಕಡೆ ಹೋದ.

ಆಟ ಮಧ್ಯಾಹ್ನದ ಮ್ಯಾಲ ಚಾಲೂ ಆತು. ಮಂದಿ ಭಾಳ ಕೂಡಿದ್ರು. ಅಂಜಲಿ ಒಳಗ ಬಂದಾಕಿ ಒಂದು ಸಲ ಮೇಜಿನ ಕಡೆ ನೋಡಿದ್ಲು, ಒಂದು ಸಲ ಕಂಬದ ಕಡೆ ನೋಡಿದ್ಲು. ಗ್ಯಾನಪ್ಪ ನಿಲ್ಲೋದು ಅಲ್ಲೆ. ಆಮ್ಯಾಲ ಕಾಲಿಗೆ ಮಣ್ಣು ಹಚ್ಚಿಕೊಂಡು ಆಡಾಕ ನಿಂತ್ಲು.

ಚೆಂದ ಆಡಿದ್ರು. ಅರ್ಧ ಆಟಕ್ಕ ಎರಡು ಪಾಯಿಂಟ್ ಮುಂದ ಇದ್ರು. ಮಧ್ಯಂತರ ಆತು. ಗೆರಿ ಎಲ್ಲಾ ತುಳಿದು ಹೋಗಿತ್ತು, ಅದರಾಗೂ ಬೋನಸ್ ಗೆರಿ ಇದ್ದೂ ಇಲ್ಲದಂಗ ಆಗಿತ್ತು. ಎದುರಿನೋರ ಅಂಗಳದಾಗ ಹಿಂದಿರ್ತೈತಿ ಆ ಗೆರಿ. ಒಂದು ಕಾಲು ಮ್ಯಾಲ ಎತ್ತಿ, ಇನ್ನೊಂದು ಕಾಲು ಅದನ್ನ ಮುಟ್ಟದಂಗ ಆಚಿಗಿಟ್ಟು ವಾಪಸ್ ಬಂದ್ರ ಒಂದು ಪಾಯಿಂಟು. ಗೆರಿ ಮ್ಯಾಲ ಕಾಲು ಬಿದ್ರ ಇಲ್ಲ.

ಅಂಬಪ್ಪ ಮೈಕಿನಾಗ, "ಗ್ಯಾನಪ್ಪ ಎಲ್ಲಿದ್ರೂ ಬರಬೇಕು" ಅಂದ. ತನಗ ಹೇಳಿ ಹೋಗಿದ್ದು ಮರತಿದ್ದ. ಎರಡು ಸಲ ಕರದ. ಆಮ್ಯಾಲ ನೆನಪಾಗಿ ಎದ್ದ. ಡಬ್ಬಿ ಹುಡುಕಲಿಲ್ಲ. ಪೆಂಡಾಲಿನ ಹತ್ರ ಸುಣ್ಣದ ಚೀಲ ಇತ್ತು, ಅದರಾಗಿಂದ ಬೊಗಸಿ ತುಂಬಿ ಕೋಳಿಗೆ ಕಾಳು ಚೆಲ್ಲಿದಂಗ ಚೆಲ್ಲಿಕೋತ ಹೋದ. ಗೆರಿ ಒಂದು ಕಡೆ ನಾಲ್ಕು ಬೆರಳು, ಇನ್ನೊಂದು ಕಡೆ ಗೇಣು ಅಗಲ. ಅಂಜಲಿ ನಿಂತು ನೋಡ್ತಿದ್ಲು. ಏನೋ ಅನ್ನಾಕ ಬಾಯಿ ತಗದ್ಲು, ಅಷ್ಟ್ರಾಗ ಸೀಟಿ ಹೊಡದ್ರು.

ಎರಡನೇ ಅರ್ಧದಾಗ ಹಟ್ಟಿಯೋರು ಹತ್ರ ಬಂದ್ರು, ದಾಟಿದ್ರು. ಕಡೀ ರೇಡು ಅಂಜಲಿದು. ಒಂದು ಪಾಯಿಂಟ್ ಹಿಂದ ಇದ್ರು. ಒಂದು ಬಂದ್ರ ಸಮ, ಮತ್ತ ಐದೈದು ರೇಡು ಆಡಸ್ತಿದ್ರು. ಅಕಿ ಹೋದ್ಲು, ಆ ಕಡೆ ಈ ಕಡೆ ಆಡಿಸಿದ್ಲು, ಬಲಗಾಲು ಉದ್ದ ಚಾಚಿ ಬೋನಸ್ ಗೆರಿ ಆಚಿಗೆ ಇಟ್ಲು, ಎಡಗಾಲು ಮ್ಯಾಲಿತ್ತು, ತಿರುಗಿ ಬಂದ್ಲು. ಕೈ ಎತ್ತಿದ್ಲು. ಅಂಪೈರ್ ಬಗ್ಗಿ ನೋಡಿದ. ಗೇಣು ಅಗಲದ ಗೆರಿ ಅಂಚಿಗೆ ಹಿಮ್ಮಡದ ಗುರ್ತು ಬಿದ್ದಿತ್ತು. ಇಲ್ಲ ಅಂದ.

ಮೊದಲಿನ ಗೆರಿ ಇದ್ರ ಪಾಯಿಂಟ್ ಸಿಗ್ತಿತ್ತು. ಸಮ ಆದ ಮ್ಯಾಲ ಗೆಲ್ತಿದ್ರೋ ಇಲ್ಲೋ, ಅದು ಬ್ಯಾರೆ ಮಾತು.

ನಾ ಟ್ಯಾಂಕರ್ ಅಲ್ಲೇ ಬಿಟ್ಟು ಬಸ್ ಸ್ಟ್ಯಾಂಡಿಗೆ ಹೋದೆ. ಅವ ಬೆಂಚಿನ ಮ್ಯಾಲ ಕುಂತು ಶೇಂಗಾ ಸುಲ್ಯಾಕತ್ತಿದ್ದ. ತಿಂತಿರಲಿಲ್ಲ. ನನ್ನ ಮಾರಿ ನೋಡಿದ.

"ಎಷ್ಟ್ರಿಂದ?" ಅಂದ.

"ಒಂದರಿಂದ."

ಇನ್ನೊಂದು ಶೇಂಗಾ ಸುಲಿದು, "ಹಂಗಾದ್ರ ನಾ ಇರಬಹುದಿತ್ತು" ಅಂದ.

ಗೆರಿ ಮಾತು ನಾ ಆಗ ಹೇಳಲಿಲ್ಲ. ಅವ ಮತ್ತ ಲೆಕ್ಕ ಹಿಡಿದ. "ಈಗ ಹದಿಮೂರಕ್ಕ ಒಂಬತ್ತು ಆತು. ಇನ್ನೂ ನಾ ಇಲ್ಲದ್ದ ಹೆಚ್ಚೈತಿ."

ಅಷ್ಟ್ರಾಗ ನನಗ ಹೊಳೀತು, ಅವತ್ತು ಖೋಲ್ಯಾಗ ಏನು ಸರಿ ಅನಸಿರಲಿಲ್ಲ ಅಂತ.

"ಯಣ್ಣಾ, ಹಟ್ಟಿ ಆಟ ಬ್ಯಾರೆ ತಗಿ" ಅಂದೆ.

"ಯಾಕ?"

"ಹಟ್ಟಿಯೋರು ಎಲ್ಲಾರ್ನೂ ಸೋಲಸ್ತಾರ. ಅವರನ್ನ ಬ್ಯಾರೆ ಇಡು. ನೀ ಇದ್ದಾಗ ಹಟ್ಟಿ ಕೂಡ ಎಷ್ಟು ಆಟ?"

ಬೆಂಚಿನ ಮ್ಯಾಲ ಶೇಂಗಾ ಇಟ್ಟ. ಕಾಳು ಗೆದ್ದಿದ್ದು, ಸಿಪ್ಪಿ ಸೋತಿದ್ದು. "ಐದು" ಅಂದ. ಒಂದು ಕಾಳು, ನಾಲ್ಕು ಸಿಪ್ಪಿ.

"ನೀ ಇಲ್ಲದಾಗ?"

"ಮೂರು. ಇವತ್ತಿಂದು ಹಿಡಿದು ನಾಲ್ಕು." ನಾಲ್ಕು ಸಿಪ್ಪಿ ಇಟ್ಟ. ಕಾಳು ಇಡಾಕ ಕೈ ಹೋತು, ಇಡಾಕ ಇರಲಿಲ್ಲ.

"ಉಳಿದ ಟೀಮು?"

"ನಾ ಇಲ್ಲದಾಗ ಒಂಬತ್ತು, ಎಲ್ಲಾ ಗೆದ್ದಾರ" ಅಂದ. "ನಾ ಇದ್ದಾಗ ಮೂರು, ಎರಡು ಗೆದ್ದಾರ. ಸೋತಿದ್ದು ಬಳಗಾನೂರಿನಾಗ." ಅವತ್ತು ಅಂಜಲಿ ಕಾಲು ಉಳುಕಿ ಹೊರಗ ಕುಂತಿದ್ಲು, ಅದು ನನಗೂ ನೆನಪಿತ್ತು.

"ಸಣ್ಣ ಟೀಮು ಕೂಡ ಆಟ ಎಲ್ಲಾ ಲಿಂಗಸುಗೂರು, ಮುದಗಲ್ ಕಡೆ ಆಗ್ತಾವು" ಅಂದೆ. "ಅಲ್ಲಿಗೆ ನೀ ಹೋಗಂಗಿಲ್ಲ. ನಮ್ಮ ಕಡೆ ಆಗೋದು ಸೆಮಿ, ಫೈನಲ್ಲು. ಅಷ್ಟೊತ್ತಿಗೆ ಹಟ್ಟಿಯೋರು ಬಂದು ನಿಂತಿರ್ತಾರ. ನಿನ್ನ ಪಾಲಿಗೆ ಬರೋದ ಕಠಿಣ ಆಟ. ಅದು ಕಾಲ್ಗುಣ ಅಲ್ಲ."

ಅವ ಸಿಪ್ಪಿ ನೋಡಿಕೋತ ಕುಂತ.

"ಹಟ್ಟಿ ಕೂಡ ಗೆದ್ದಿದ್ದು ಒಂದ ಸಲ" ಅಂದೆ. "ಅವತ್ತು ನೀ ಇದ್ದಿ."

ಆ ಒಂದು ಕಾಳು ಕೈಯಾಗ ತಗೊಂಡ. "ಒಂದು ಸಲ ಬರತೈತಿ. ನೀ ಅವತ್ತು ಬಿಳೇದು ತಗದಂಗ" ಅಂದ. ಅದೂ ಖರೇನ. ಒಂದರ ಮ್ಯಾಲ ಏನೂ ಹೇಳಾಕ ಬರಂಗಿಲ್ಲ. ಅವನ ಕಾಲು ಕೆಟ್ಟದ್ದೂ ಅಲ್ಲ, ಒಳ್ಳೇದೂ ಅಲ್ಲ. ಬರೇ ಕಾಲು.

ಇಷ್ಟು ಮಾತಾಡಾಕತ್ತಿರುವಾಗ ಲಿಂಗಸುಗೂರು ಟೀಮು ಸ್ಟ್ಯಾಂಡಿಗೆ ಬಂತು. ಮಸ್ಕಿ ಮ್ಯಾಲ ಹೋಗೋ ಬಸ್ಸು ನಿಂತಿತ್ತು. ಸುರೇಖಾ ಮೇಡಮ್ಮ ಹುಡಿಗೇರನ್ನ ಹತ್ತಿಸಾಕತ್ತಿದ್ರು. ಅಂಜಲಿ ಕುಂಟಿಕೋತ ಬರ್ತಿದ್ಲು. ಗ್ಯಾನಪ್ಪ ಎದ್ದು ಕಂಬದ ಹಿಂದ ಸರಿಯಾಕ ನೋಡಿದ. ಅಕಿ ಕಂಡು ಬಿಟ್ಟಿದ್ಲು. ಬ್ಯಾಗು ಗೆಳತಿ ಕೈಯಾಗ ಕೊಟ್ಟು ಸೀದಾ ಬಂದ್ಲು. ಹೋಳು ಇಲ್ಲದ ಅಕಿ ಅವನ ಹತ್ರ ಬಂದಿದ್ದು ಅದ ಮೊದಲು.

"ಎಲ್ಲಿ ಹೋಗಿದ್ದಿ?" ಅಂದ್ಲು.

"ಇಲ್ಲೇ ಇದ್ದೆ."

"ಇಲ್ಲೇ ಅಂದ್ರ? ಬಸ್ ಸ್ಟ್ಯಾಂಡಿನಾಗ?"

"ಹೂಂ."

"ಶೇಂಗಾ ತಿಂದಕೋತ?"

ಅವ ಬೆಂಚು ನೋಡಿದ.

"ಮಧ್ಯಂತರದಾಗ ಗೆರಿ ತಿದ್ದಾಕ ಯಾರೂ ಇರಲಿಲ್ಲ. ಆ ಮುದುಕ ಬೊಗಸಿಲೆ ಸುಣ್ಣ ಚೆಲ್ಲಿದ. ಇಷ್ಟಗಲ." ಕೈ ಅಗಲ ಮಾಡಿ ತೋರಿಸಿದ್ಲು. "ನೀ ಹಾಕಿದ ಗೆರಿ ಆಗಿದ್ರ ನನ್ನ ಕಾಲು ಆಚಿಗೆ ಇತ್ತು. ನಾಲ್ಕು ಬೆರಳು ಆಚಿಗೆ ಇತ್ತು."

ಗ್ಯಾನಪ್ಪ ನನ್ನ ಕಡೆ ತಿರುಗಿದ. ಹೌದೇನು ಅಂತ ಕೇಳಿದಂಗಿತ್ತು. ನಾ ಗೋಣು ಹಾಕಿದೆ.

ಅವ ಅಕಿ ಕಾಲು ಬಗ್ಗಿ ನೋಡಿದ. ಆಮ್ಯಾಲ, "ಮೊಣಕಾಲು ಉರೀತೈತೇನು?" ಅಂದ.

"ಉರೀತೈತಿ."

"ನೀರಿಲೆ ಚೆಂದ ತೊಳಕೋ. ಆಮ್ಯಾಲ ಕೊಬ್ಬರೆಣ್ಣಿ ಹಚ್ಚು."

"ಅಂಥಾದ್ದೇನು ಕೆಲಸ ಇತ್ತು ನಿನಗ ಇವತ್ತು?"

ನಾ ಬಾಯಿ ತಗದೆ. ಅವ ನನ್ನ ಮೊಣಕೈ ಗಟ್ಟಿ ಹಿಡಿದ. "ಏನಿಲ್ಲ" ಅಂದ ಅಕಿಗೆ.

"ಏನಿಲ್ಲ" ಅಂದ್ಲು ಅಕಿನೂ. "ಅವ್ವ ಹೇಳೋದು ಖರೇನ. ಬೇಕಾದಾಗ ನೀ ಇರಂಗಿಲ್ಲ."

ಕಂಡಕ್ಟರ್ ಸೀಟಿ ಹೊಡದ. ಅಕಿ ಹೋಗಿ ಹತ್ತಿದ್ಲು. ಕಿಡಕಿ ಹತ್ರ ಕುಂತ್ಲು, ಆಚಿ ಮಗ್ಗಲಿನ ಕಿಡಕಿ. ಬಸ್ಸು ಮಸ್ಕಿ ರಸ್ತಾ ಹಿಡೀತು.

"ಯಾಕ ಹೇಳಾಕ ಬಿಡಲಿಲ್ಲ?" ಅಂದೆ. ನನಗ ಅವನ ಮ್ಯಾಲ ಸಿಟ್ಟು ಬಂದಿತ್ತು. "ಅಕಿ ಸಲುವಾಗಿನ ಹೊರಗ ಇದ್ದಿ ಅಂತ ಗೊತ್ತಾಗ್ತಿತ್ತು."

"ಹೇಳಿದ್ರ ಅಕಿ ಮುಂದ ರೇಡಿಗೆ ಹೋಗುವಾಗೆಲ್ಲ ನಾ ಅದೀನೋ ಇಲ್ಲೋ ನೋಡ್ತಾಳ" ಅಂದ. "ಆಟದಾಗ ಹಿಂದ ತಿರುಗಿ ನೋಡಿದ್ರ ಹಿಡೀತಾರ."

ಕುಂತ. ಸಿಪ್ಪಿ ಎಲ್ಲಾ ಕೈಲೆ ಸರಿಸಿದ.

"ಕಾಲ್ಗುಣ ಆಗಿದ್ರ ಚಲೋ ಇತ್ತು" ಅಂದ ಕಡೀಕ. "ಕಾಲ್ಗುಣಕ್ಕ ಮನಷ್ಯಾ ಏನು ಮಾಡ್ತಾನ. ಇದು ನಾ ಇರಲಿಲ್ಲ, ಅಷ್ಟ."

ಬಸ್ಸು ಹೋದ ದಾರಿ ನೋಡಿಕೋತ ಅವ, "ಸಿಟ್ಟು ಆಗಿದ್ಲಲ್ಲ?" ಅಂತ ಕೇಳಿದ.

"ಹೂಂ. ಭಾಳ."

"ಸಿಟ್ಟು ಆಗಿದ್ಲು" ಅಂದ ಮತ್ತ. ಅವನ ಮಾರಿ ಹೆಂಗಿತ್ತು ಅಂತ ನನಗ ಹೇಳಾಕ ಬರಂಗಿಲ್ಲ. ಟ್ರ್ಯಾಕ್ಟರ್ ಮ್ಯಾಲ ಬಿಡ್ತೀನಿ ಬಾ ಅಂದೆ. ಬ್ಯಾಡ ಅಂದು ನಡಕೋತ ಮಿಲ್ಲಿಗೆ ಹೋದ.

ಆಮ್ಯಾಲ ಮಸ್ಕಿಯಾಗ ಒಂದು ಟೂರ್ನಮೆಂಟ್ ಆತು. ಅಂಜಲಿಗೆ ಅದ ಕಡೀದು ಅಂತ ಅಂದಿದ್ರು, ಆದ್ರ ಇನ್ನೊಂದು ವರ್ಷ ಆಡ್ತೀನಿ ಅಂತ ಅಕಿ ಮನ್ಯಾಗ ಹಟ ಹಿಡದಾಳಂತ. ಗ್ಯಾನಪ್ಪ ಬಂದಿದ್ದ. ಗೆರಿ ಹಾಕಿದ, ಹೆಜ್ಜಿ ಅಳಸಲಿಲ್ಲ. ಮಧ್ಯಂತರದಾಗ ಎಲ್ಲಾರಕಿಂತ ಮೊದಲು ಒಳಗ ಹೋಗಿ ಬೋನಸ್ ಗೆರಿ ಎರಡೂ ಕಡೆ ತಿದ್ದಿದ. ಅಂಜಲಿ ನೀರು ಕುಡಕೋತ ನಿಂತು ಅವ ತಿದ್ದೋದನ್ನ ನೋಡಿದ್ಲು.

ಮತ್ತ ಹಟ್ಟಿ ಕೂಡನ ಸೋತ್ರು. ಈ ಸಲ ಏಳು ಪಾಯಿಂಟಿನಿಂದ. ಗೆರಿದ ತಪ್ಪು ಅನ್ನಾಕ ಬರೋವಂಥ ಸೋಲಲ್ಲ ಅದು. ಭುವನೇಶ್ವರಿ ಹೋಳು ತಂದು ಕೊಟ್ಲು, "ಕಾಕಾ, ಹೋದ ಸಲ ಎಲ್ಲಿ ಹೋಗಿದ್ರಿ? ಹೋಳು ಹಿಡಕೊಂಡು ಗ್ರೌಂಡ್ ಎಲ್ಲಾ ಹುಡುಕೀನಿ" ಅಂದ್ಲು. ಊರಿಗೆ ಹೋಗಿದ್ದೆ ಅಂದ ಇವ. ಅಂಜಲಿ ಟೀಮಿನೋರ ಕೂಡ ಗೇಟ್ ದಾಟಿ ಹೋದ್ಲು. ಸೋತೋರು ಬರಂಗಿಲ್ಲ.

ಮಂದಿ ಕರಗಿದ ಮ್ಯಾಲ ನನ್ನ ಹತ್ರ ಬಂದು ನಿಂತ.

"ಹಟ್ಟಿ ಕೂಡ, ನಾ ಇದ್ದಾಗ. ಆರಕ್ಕ ಒಂದು ಆತು" ಅಂದ.

"ಹೂಂ."

"ಮತ್ತ ಆಡ್ತಾರಲ್ಲ?"

"ಆಡ್ತಾರ."

"ಯಾವಾಗ?"

ಫೋನ್ ತಗದು ನೋಡಿದೆ. ತಾರೀಕು ಇನ್ನೂ ಹಾಕಿರಲಿಲ್ಲ.

"ಹಾಕಿದ ಮ್ಯಾಲ ಹೇಳು" ಅಂದು ಸಿಂಧನೂರು ಬಸ್ಸಿನ ಕಡೆ ನಡೆದ.